ಪ್ಯಾಂಟಿನ ಮೇಲೆ ಚಡ್ಡಿ

ಜಯನಗರ ನಾಲ್ಕನೇ ಬ್ಲಾಕಿನ ಕಾಂಪ್ಲೆಕ್ಸ್ ಸುತ್ತ ಒಂದು ಸಂಜೆ ಸುಮ್ಮನೆ ಅಡ್ಡಾಡಿ ಬನ್ನಿ. ಫುಟ್‌ಪಾತಿನಲ್ಲಿ ನೇತುಹಾಕಿದ ಮಕ್ಕಳ ಟೀ ಶರ್ಟುಗಳಲ್ಲಿ ಅರ್ಧಕ್ಕರ್ಧ ಅಮೆರಿಕದ ವೀರರದ್ದೇ ಕಾರುಬಾರು. ನೀರಿನ ಬಾಟಲಿ ಮೇಲೆ ಜೇಡ, ಊಟದ ಡಬ್ಬಿ ಮೇಲೆ ಬಾವಲಿ, ಸ್ಕೂಲ್ ಬ್ಯಾಗಿನ ಮೇಲೆ ಹಲ್ಲು ಕಡಿಯುವ ಹಸಿರು ದೈತ್ಯ. ಬೆಟ್ಟ ಎತ್ತುವ, ವಿಮಾನ ತಡೆಯುವ ಈ ಮಹಾಶಯರು ನಮ್ಮ ಹೆಂಗಸರ ಚೌಕಾಸಿಗೆ ಮಾತ್ರ ಸೋತು ಅರ್ಧ ರೇಟಿಗೆ ಮನೆ ಸೇರುತ್ತಾರೆ. ಗೌರಿ ಗಣೇಶ ಹಬ್ಬ ಹತ್ತಿರವಾದರೆ ಗಣಪತಿಯೂ ಇವರ ಸಾಲಿಗೆ ಸೇರುವುದುಂಟು. ಬಾಹುಬಲಿ ಸಿನಿಮಾ ಬಂದ ವರ್ಷ ಹೊಟ್ಟೆ ಕರಗಿಸಿ ಎದೆ ಉಬ್ಬಿಸಿದ ಗಣಪತಿಗಳು ಬಂದಿದ್ದವು. ಕಡುಬಿನ ದೇವರಿಗೆ ಕಟ್ಟುಮಸ್ತು ಮೈ ಕೊಟ್ಟವರನ್ನು ಅವನೇ ಕ್ಷಮಿಸಬೇಕು.

ಇವರಿಗೆಲ್ಲ ಪ್ಯಾಂಟಿನ ಮೇಲೆ ಚಡ್ಡಿ ಯಾಕೆ ಎಂದು ನನ್ನ ಮೊಮ್ಮಗ ಎಂದೂ ಕೇಳಿದವನಲ್ಲ. ಕುತೂಹಲವೆಲ್ಲ ನನ್ನದೇ. ವಿಚಾರಿಸಿದರೆ ಅದರ ಬೇರು ಸರ್ಕಸ್ಸಿನಲ್ಲಿದೆ. ಕಬ್ಬಿಣ ಬಗ್ಗಿಸುವ, ಗುಂಡು ಎತ್ತುವ ಸರ್ಕಸ್ ಪೈಲ್ವಾನರು ಮೈಗಂಟಿದ ಉಡುಪಿನ ಮೇಲೆ ಚಡ್ಡಿ ತೊಡುತ್ತಿದ್ದರು. ಚಿತ್ರ ಬರೆಯುವವರು ಅದನ್ನೇ ಎತ್ತಿಕೊಂಡರು. ನಮ್ಮ ಗರಡಿಮನೆಯ ಹನುಮಾನ್ ಚಡ್ಡಿ ಕಂಡವರಿಗೆ ಇದರಲ್ಲಿ ಅಂಥ ಸೋಜಿಗವೇನಿಲ್ಲ. 2011ರಲ್ಲಿ ಕಾಮಿಕ್ಸ್ ಕಂಪನಿಯವರು ಸೂಪರ್‌ಮ್ಯಾನ್‌ನ ಕೆಂಪು ಚಡ್ಡಿಯನ್ನು ತೆಗೆಸಿಯೇಬಿಟ್ಟರು. ಓದುಗರು ಗೊಣಗಿದರು. 2018ರಲ್ಲಿ ಚಡ್ಡಿ ವಾಪಸು ಬಂತು. 2025ರ ಸಿನಿಮಾದಲ್ಲೂ ಭದ್ರವಾಗಿದೆ. ಒಂದು ಚಡ್ಡಿಗಾಗಿ ಏಳು ವರ್ಷ ಕಾದ ಜನವನ್ನು ಹಗುರವಾಗಿ ನೋಡಬಾರದು.

ಆ ಸೂಪರ್‌ಮ್ಯಾನ್‌ ಹುಟ್ಟಿದ ಕಥೆಯಲ್ಲಿ ನನಗೆ ಹೊಟ್ಟೆ ಉರಿಸುವ ಸಂಗತಿಯೊಂದಿದೆ. ಅವನನ್ನು ಹುಟ್ಟಿಸಿದವರು ಜೆರ್ರಿ ಸೀಗೆಲ್, ಜೋ ಶುಸ್ಟರ್ ಎಂಬ ಇಬ್ಬರು ಬಡ ಹುಡುಗರು, ವಲಸೆ ಬಂದ ಯಹೂದಿ ಮನೆತನದವರು. 1938ರಲ್ಲಿ ‘ಆ್ಯಕ್ಷನ್ ಕಾಮಿಕ್ಸ್‌’ನ ಮೊದಲ ಸಂಚಿಕೆಗೆ ಅವನನ್ನು ಕೊಟ್ಟು, ಸಕಲ ಹಕ್ಕುಗಳನ್ನೂ 130 ಡಾಲರಿಗೆ ಬರೆದುಕೊಟ್ಟರು. ಎಪ್ಪತ್ತರ ದಶಕದಲ್ಲಿ ಜೆ.ಪಿ. ನಗರದ ಥರ್ಟಿ ಫಾರ್ಟಿ ಸೈಟನ್ನು ‘ಅಲ್ಲಿ ನರಿ ಕೂಗುತ್ತೆ, ಯಾರು ಹೋಗ್ತಾರೆ’ ಎಂದು ಮಾರಿಕೊಂಡವರಿಗೆ ಈ ನೋವು ಬಿಡಿಸಿ ಹೇಳಬೇಕಿಲ್ಲ. ದಶಕಗಟ್ಟಲೆ ಕೋರ್ಟು ಕಚೇರಿ ಅಲೆದ ಮೇಲೆ, 1975ರಲ್ಲಿ, ಮುದುಕರಾಗುತ್ತಿದ್ದ ಇಬ್ಬರಿಗೂ ಕಂಪನಿ ಒಂದು ವರ್ಷಾಶನ ಗೊತ್ತುಮಾಡಿತು. ಜಗತ್ತನ್ನೆಲ್ಲ ಕಾಪಾಡಿದವನಿಗೆ ಅಪ್ಪಂದಿರನ್ನು ಕಾಪಾಡಲಾಗಲಿಲ್ಲ.

ಇಂಥವರ ಕೈಯಿಂದ ಬಂದದ್ದರಿಂದಲೇ ಆ ವೀರರಲ್ಲಿ ಒಂದು ಉರಿ ಇತ್ತು. 1941ರ ಮಾರ್ಚ್ ಸಂಚಿಕೆಯ ಮುಖಪುಟದಲ್ಲಿ ಕ್ಯಾಪ್ಟನ್ ಅಮೆರಿಕ ಹಿಟ್ಲರನ ದವಡೆಗೆ ಗುದ್ದುತ್ತಾನೆ. ಅಮೆರಿಕ ಇನ್ನೂ ಯುದ್ಧಕ್ಕೇ ಇಳಿದಿರಲಿಲ್ಲ. ಸರ್ಕಾರಕ್ಕಿಂತ ಮೊದಲು ಕಾಮಿಕ್ಸ್ ಯುದ್ಧ ಸಾರಿತ್ತು. ಮುಂದೆ 1954ರಲ್ಲಿ ವರ್ಥಾಮ್ ಎಂಬ ಮನೋವೈದ್ಯರು ಮಕ್ಕಳು ಕೆಡುವುದು ಈ ಪುಸ್ತಕಗಳಿಂದಲೇ ಎಂದು ಒಂದು ದಪ್ಪ ಪುಸ್ತಕ ಬರೆದರು. ಪ್ರಕಾಶಕರು ಹೆದರಿ ತಮಗೆ ತಾವೇ ಮಡಿ ಕಟ್ಟಿಕೊಂಡರು. ಸಮಾಜ ಪುಸ್ತಕದ ನಡುವೆ ಬಚ್ಚಿಟ್ಟ ಫ್ಯಾಂಟಮ್ ಕಾಮಿಕ್ಸನ್ನು ಹಿಡಿದು ಕಿವಿ ಹಿಂಡಿದ ನಮ್ಮ ಅಪ್ಪಂದಿರು ವರ್ಥಾಮರನ್ನು ಓದಿರಲಿಲ್ಲ. ಅಭಿಪ್ರಾಯ ಮಾತ್ರ ಅದೇ. 1962ರಲ್ಲಿ ಬಂದ ಸ್ಪೈಡರ್‌ಮ್ಯಾನ್‌ನನ್ನು ಕಂಡರೆ ಆ ಅಪ್ಪಂದಿರೂ ಸ್ವಲ್ಪ ಮೆತ್ತಗಾಗುತ್ತಿದ್ದರೇನೋ. ಹುಡುಗ ಓದಿನಲ್ಲಿ ಜಾಣ, ಅಪ್ಪ ಅಮ್ಮ ಇಲ್ಲ, ಮನೆಯಲ್ಲಿ ದುಡ್ಡಿಗೆ ತಾಪತ್ರಯ, ವಯಸ್ಸಾದ ಅತ್ತೆಯ ಚಿಂತೆ ಬೇರೆ. ಬನಶಂಕರಿಯ ಯಾವ ವಠಾರದಲ್ಲಾದರೂ ಇರಬಹುದಾಗಿದ್ದ ಹುಡುಗ.

ನಮಗೆ ಸೂಪರ್‌ಹೀರೋಗಳು ಹೊಸಬರೇ ಎಂದು ಯಾರಾದರೂ ಕೇಳಿದರೆ ನಾನು ಅವರನ್ನು ರಾಗಿಗುಡ್ಡ ಹತ್ತಿಸುತ್ತೇನೆ. ದಾನಕ್ಕೆಂದು ಇಟ್ಟ ರಾಗಿಯ ರಾಶಿಯೇ ಕಲ್ಲಾಗಿ ಗುಡ್ಡವಾಯಿತು ಎಂಬುದು ಅಲ್ಲಿಯ ಕಥೆ; ಮೇಲೆ ಪ್ರಸನ್ನ ಆಂಜನೇಯ. 2025ರ ಆಗಸ್ಟಿನಿಂದ ಹಳದಿ ಮಾರ್ಗದ ಮೆಟ್ರೊ ನಿಲ್ದಾಣಕ್ಕೂ ಅದೇ ಹೆಸರು. ಒಂದು ಶನಿವಾರ ಆ ಗುಡಿಯ ಸಾಲಿನಲ್ಲಿ ನಿಂತಿದ್ದಾಗ ಮೊಮ್ಮಗ ಸುತ್ತಲವರಿಗೆಲ್ಲ ಕೇಳುವಂತೆ ಕೇಳಿದ: “ತಾತ, ಹಲ್ಕ್ ಜಾಸ್ತಿ ಸ್ಟ್ರಾಂಗಾ, ಹನುಮಂತಾನಾ?”

ನಾನು ಬಾಯಿ ತೆರೆಯುವ ಮೊದಲೇ ಮುಂದಿದ್ದ ಅಜ್ಜಿಯೊಬ್ಬರು ತಿರುಗಿದರು. “ಆ ಹಸಿರು ಮೈಯವನಿಗೆ ಸಿಟ್ಟು ಬಂದ್ರೆ ತಾನೇ ಶಕ್ತಿ ಬರೋದು ಮಗೂ? ನಮ್ಮಪ್ಪಂಗೆ ಸಿಟ್ಟು ಬೇಡ, ಯಾರಾದ್ರೂ ಜ್ಞಾಪಿಸಿದ್ರೆ ಸಾಕು.”

ಅವರ ಮನೆಯಲ್ಲೂ ಮೊಮ್ಮಕ್ಕಳಿರಬೇಕು. ಆದರೆ ಎಂಥ ಮಾತು! ಬಾಲ್ಯದ ಚೇಷ್ಟೆಗೆ ಋಷಿಗಳು ಕೊಟ್ಟ ಶಾಪದಿಂದ ಹನುಮಂತನಿಗೆ ತನ್ನ ಬಲ ತನಗೇ ಮರೆತುಹೋಗಿದೆ. ಸಮುದ್ರದ ದಡದಲ್ಲಿ ಎಲ್ಲರೂ ಕೈಚೆಲ್ಲಿ ಕೂತಾಗ ಜಾಂಬವಂತ ನೆನಪಿಸಬೇಕು. ಸೂಪರ್‌ಮ್ಯಾನ್ ಕ್ಲಾರ್ಕ್ ಕೆಂಟ್ ಎಂಬ ಹೆಸರಿನಲ್ಲಿ ಕನ್ನಡಕ ಹಾಕಿಕೊಂಡು ಊರಿನಿಂದ ತನ್ನ ಬಲವನ್ನು ಮುಚ್ಚಿಡುತ್ತಾನೆ. ಹನುಮಂತನ ಬಲ ಅವನಿಂದಲೇ ಮುಚ್ಚಿದೆ. ಕಥೆಗಾರಿಕೆಯಲ್ಲಿ ಯಾವುದು ಮೇಲು ಎಂದು ನನ್ನನ್ನು ಕೇಳಿದರೆ ತೀರ್ಪು ಗುಡ್ಡದ ಕಡೆಗೇ. ಇನ್ನು ವೇಷ ಮರೆಸಿಕೊಂಡು ಬದುಕುವ ವಿದ್ಯೆಯ ವಿಚಾರಕ್ಕೆ ಬಂದರೆ ವಿರಾಟಪರ್ವದ ಮುಂದೆ ಯಾರೂ ನಿಲ್ಲಲಾರರು. ಭೀಮ ಅಡುಗೆಯ ವಲಲ, ಅರ್ಜುನ ನಾಟ್ಯದ ಬೃಹನ್ನಳೆ, ಗುಟ್ಟು ರಟ್ಟಾದರೆ ಮತ್ತೆ ಹನ್ನೆರಡು ವರ್ಷ ಕಾಡು. ರಾತ್ರಿ ನಾಟ್ಯಶಾಲೆಯ ಕತ್ತಲಲ್ಲಿ ಕಾದು ಕೂತು ಕೀಚಕನನ್ನು ಮುಗಿಸುವ ಭೀಮನಿಗೆ ಬ್ಯಾಟ್‌ಮ್ಯಾನ್ ಕಲಿಸುವಂಥದ್ದು ಏನಿದೆ? ಮಳೆ ಬಾರದಿದ್ದರೆ ನಮ್ಮ ಹಳ್ಳಿಗಳಲ್ಲಿ ವಿರಾಟಪರ್ವ ಓದಿಸುತ್ತಿದ್ದರು. ಅಮೆರಿಕದ ಯಾವ ಕಾಮಿಕ್ಸಿಗೂ ಇನ್ನೂ ಆ ಕೆಲಸ ಒಪ್ಪಿಸಿದಂತಿಲ್ಲ.

ವೀರರಷ್ಟೇ ಅಲ್ಲ, ಚೌಕಟ್ಟು ಕಟ್ಟಿ ಕಥೆ ಹೇಳುವ ಚಿತ್ರಪಟ್ಟಿಕೆಯೂ ಹೊರಗಿನದು ಎಂಬ ಮಾತಿದೆ. ಬಿಟಿಎಂ ಎಂದರೆ ಬ್ಯಾಟ್‌ಮ್ಯಾನ್ ಲೇಔಟ್ ಎಂದು ಬಹಳ ದಿನ ನಂಬಿದ್ದ ಹುಡುಗನೊಬ್ಬ ನಮ್ಮ ಬೀದಿಯಲ್ಲಿದ್ದಾನೆ. ಬೈರಸಂದ್ರ, ತಾವರೆಕೆರೆ, ಮಡಿವಾಳ ಎಂದು ಬಿಡಿಸಿ ಹೇಳಿದಾಗ ಪಾಪ ಮುಖ ಸಣ್ಣದು ಮಾಡಿಕೊಂಡ. ಅವನಿಗೆ ಹೇಳಬೇಕಾದದ್ದು ಇನ್ನೂ ಇತ್ತು. ಆ ಲೇಔಟಿನಿಂದ ಬೊಮ್ಮನಹಳ್ಳಿ ದಾಟಿದರೆ ಬೇಗೂರು. ಅಲ್ಲಿಯ ನಾಗೇಶ್ವರ ದೇವಸ್ಥಾನದಲ್ಲಿ ಕ್ರಿ.ಶ. 890ರ ಸುಮಾರಿನ ಒಂದು ಕಲ್ಲಿದೆ. ಗಂಗರ ಕಾಲದ ನಾಗತ್ತರನ ಕಡೆಯವರು ಬೆಂಗಳೂರ ಕಾಳಗದಲ್ಲಿ ಸತ್ತರು ಎಂದು ಅದು ಹೇಳುತ್ತದೆ. ಬೆಂಗಳೂರು ಎಂಬ ಹೆಸರು ನಮಗೆ ಸಿಕ್ಕಿರುವುದೇ ಹೀಗೆ, ವೀರರ ಸಾವಿನ ಸುದ್ದಿಯಲ್ಲಿ. ಕರ್ನಾಟಕದ ಯಾವ ಹೊಲದಲ್ಲಾದರೂ ಕಾಣುವ ವೀರಗಲ್ಲನ್ನು ನೋಡಿ. ಕೆಳಗಿನ ಪಟ್ಟಿಕೆಯಲ್ಲಿ ಹೋರಾಟ. ನಡುವಿನದರಲ್ಲಿ ಅಪ್ಸರೆಯರು ವೀರನನ್ನು ಎತ್ತಿಕೊಂಡು ಹಾರುತ್ತಿದ್ದಾರೆ. ಮೇಲಿನದರಲ್ಲಿ ಅವನು ಶಿವನ ಸನ್ನಿಧಿಯಲ್ಲಿ. ಓದುವುದು ಕೆಳಗಿನಿಂದ ಮೇಲಕ್ಕೆ. ಕಥೆ, ಚೌಕಟ್ಟು, ಹಾರಾಟ ಎಲ್ಲವೂ ಇದೆ, ರಟ್ಟು ಮಾತ್ರ ಕಲ್ಲಿನದು. ಸತ್ತ ಕಾರಣವೂ ನಿಚ್ಚಳ: ದನ ಹೊಡೆದುಕೊಂಡು ಹೋಗುವವರನ್ನು ತಡೆದ ತುರುಗೊಳ್, ಹೆಂಗಸರ ಕೂಗಿಗೆ ಓಡಿದ ಪೆಣ್ಬುಯ್ಯಲ್, ಊರು ಉಳಿಸಲು ಹೋದ ಊರಳಿವು. ಗ್ರಹಗಳು ಡಿಕ್ಕಿ ಹೊಡೆಯುವ ತನಕ ಇವರು ಕಾಯುತ್ತಿರಲಿಲ್ಲ. ನಾಲ್ಕು ದನಕ್ಕೂ ಜೀವ ಕೊಟ್ಟರು.

ಸೂಪರ್‌ಮ್ಯಾನ್‌ಗೆ ಕ್ರಿಪ್ಟೊ ಎಂಬ ನಾಯಿ ಬಂದದ್ದು 1955ರಲ್ಲಿ. ನಮ್ಮ ಆತಕೂರಿನ ಕಲ್ಲು ಕ್ರಿ.ಶ. 949–50ರದು. ತಕ್ಕೋಲದ ಯುದ್ಧದಲ್ಲಿ ಕಾದಿದ ಮಣಲೇರನೆಂಬ ವೀರನಿಗೆ ಅರಸ ‘ಬೇಕಾದ್ದು ಕೇಳು’ ಎಂದಾಗ ಅವನು ಕೇಳಿದ್ದು ಕಾಳಿ ಎಂಬ ನಾಯಿಯನ್ನು. ಆ ಕಾಳಿ ಮುಂದೆ ದೊಡ್ಡ ಹಂದಿಯೊಂದಿಗೆ ಕಾದಾಡಿತು, ಎರಡೂ ಸತ್ತವು. ಕಾಳಿಗೆ ಕಲ್ಲು ನಿಲ್ಲಿಸಿ, ಆ ಕಲ್ಲಿಗೆ ಪೂಜೆ ಮಾಡದೆ ಉಂಡ ಪೂಜಾರಿಗೆ ಪಾಪ ತಟ್ಟುತ್ತದೆ ಎಂದು ಬರೆಸಿದರು. ಮಂಡ್ಯ ಸೀಮೆಯ ಈ ಕಲ್ಲು ನಮ್ಮ ಕಸ್ತೂರಬಾ ರಸ್ತೆಯ ವಸ್ತುಸಂಗ್ರಹಾಲಯಕ್ಕೆ ಬಂದು ಕೂತಿದೆ.

ಹೀಗೆಂದು, ಎಲ್ಲವೂ ನಮ್ಮಲ್ಲೇ ಮೊದಲಿತ್ತು ಎಂದು ಮೀಸೆ ತಿರುವುವ ಜಾತಿಯವನು ನಾನಲ್ಲ. ನನ್ನ ಬಾಲ್ಯವನ್ನು ಆಳಿದವನು ಫ್ಯಾಂಟಮ್. ಲೀ ಫಾಕ್ 1936ರಲ್ಲಿ ಅವನನ್ನು ಸೃಷ್ಟಿಸಿದರು, ಅಂದರೆ ಆ ಮೈಗಂಟಿದ ಉಡುಪಿನಲ್ಲಿ ಅವನು ಸೂಪರ್‌ಮ್ಯಾನ್‌ಗಿಂತ ಹಿರಿಯ. 1964ರಲ್ಲಿ ಟೈಮ್ಸ್ ಆಫ್ ಇಂಡಿಯಾದವರ ಇಂದ್ರಜಾಲ ಕಾಮಿಕ್ಸ್ ಅವನನ್ನು ಪುಸ್ತಕವಾಗಿ ಇಲ್ಲಿ ಹೊರತಂದಿತು. ಬೇರೆ ಭಾರತೀಯ ಭಾಷೆಗಳ ಜೊತೆ ಕನ್ನಡದಲ್ಲೂ ಬಂತು. ಮೂಲದಲ್ಲಿ ಅವನ ನಾಡು ಬೆಂಗಲ್ಲಾ. ಬಂಗಾಳದವರು ಬೇಸರಪಟ್ಟಾರೆಂದೋ ಏನೋ, ಇಲ್ಲಿಗೆ ಬರುವಾಗ ಅದು ಡೆಂಕಾಲಿ ಆಯಿತು. ಅವನಿಗೆ ಹಾರಲು ಬಾರದು, ಗುಂಡು ತಗುಲಿದರೆ ರಕ್ತ ಬರುತ್ತದೆ. ಸಾಯದವನು ಎಂಬ ಪ್ರತೀತಿಯ ಗುಟ್ಟು ಇಷ್ಟೇ: ಅಪ್ಪ ಸತ್ತರೆ ಮಗ ಅದೇ ಮುಖವಾಡ ತೊಡುತ್ತಾನೆ, ನಾವು ಓದಿದವನು ಇಪ್ಪತ್ತೊಂದನೆಯವನು. ವಂಶಪಾರಂಪರ್ಯದ ಉದ್ಯೋಗ ನಮಗೆ ಚೆನ್ನಾಗಿ ಅರ್ಥವಾಗುತ್ತಿತ್ತು. ತುದಿಗೆ ಕೆಂಪು ಬಳಿದ ಫ್ಯಾಂಟಮ್ ಸಿಗರೇಟೆಂಬ ಸಕ್ಕರೆ ಕಡ್ಡಿಯನ್ನು ತುಟಿಗಿಟ್ಟು, ಅಪ್ಪನ ಎದುರೇ ಹೊಗೆ ಬಿಟ್ಟಂತೆ ನಟಿಸುತ್ತ ನಾವು ಧೈರ್ಯ ಕಲಿತೆವು. ಅದೇ ಕಾಲಕ್ಕೆ ಟಾಕೀಸಿನಲ್ಲಿ ರಾಜ್‌ಕುಮಾರ್ ಸಿಐಡಿ 999 ಆಗಿ ಬಂದರು. 1968ರ ಆ ಚಿತ್ರದ ಹೆಸರು ‘ಜೇಡರ ಬಲೆ’. ಇಲ್ಲಿಗೆ ಜೇಡ ಬರುವ ಮೊದಲೇ ಬಲೆ ಬಂದಿತ್ತು.

ಇನ್ನೊಂದು ಸಂಗತಿ ನಮ್ಮ ಊರಿನವರಿಗೇ ಅಷ್ಟಾಗಿ ಗೊತ್ತಿಲ್ಲ. ಅಮರ ಚಿತ್ರ ಕಥೆ ಎಂದರೆ ಕಾರ್ಕಳದಲ್ಲಿ ಹುಟ್ಟಿದ ಅನಂತ ಪೈ, ಮುಂಬಯಿ, ಇಂಗ್ಲಿಷು ಎಂದು ನೆನಪಾಗುತ್ತದೆ. ಅದು ಮೊದಲು ಬಂದದ್ದು ಬೆಂಗಳೂರಿನಿಂದ, ಕನ್ನಡದಲ್ಲಿ. ಇಂಡಿಯಾ ಬುಕ್ ಹೌಸಿನ ಇಲ್ಲಿಯ ವ್ಯವಹಾರ ನೋಡಿಕೊಳ್ಳುತ್ತಿದ್ದ ಜಿ.ಕೆ. ಅನಂತರಾಮ್ 1965ರ ಸುಮಾರಿಗೆ ಜ್ಯಾಕ್ ಮತ್ತು ಹುರುಳಿ ಬಳ್ಳಿ, ಸಿಂಡರೆಲಾ, ಪಿನೋಕಿಯೊ ಮುಂತಾದ ಪರದೇಶದ ಕಥೆಗಳನ್ನು ಕನ್ನಡಕ್ಕೆ ತಂದು ಚಿತ್ರಪುಸ್ತಕ ಮಾಡಿದರು. ಹಾಗೆ ಬಂದವು ಹತ್ತು. ಅದಕ್ಕೇ ಇಂಗ್ಲಿಷಿನ ಹೆಸರಾಂತ ‘ಕೃಷ್ಣ’ನ ಸಂಖ್ಯೆ ಹನ್ನೊಂದು. ದೇಶದ ಮಕ್ಕಳಿಗೆ ಪುರಾಣ ಹಂಚಿದ ಮಾಲೆಯ ಮೊದಲ ಹತ್ತು ಮಣಿ ಕನ್ನಡದವು ಎಂಬುದಕ್ಕೆ ಈ ನಗರದಲ್ಲಿ ಒಂದು ಫಲಕವನ್ನೂ ನಾನು ಕಂಡಿಲ್ಲ.

ಆಮೇಲಿನ ಮಕ್ಕಳಿಗೆ ಬಾಲಮಂಗಳ ಪತ್ರಿಕೆಯ ಡಿಂಗ ಸಿಕ್ಕಿದ. ಕೇರಳದಲ್ಲಿ 1983ರಲ್ಲಿ ಹುಟ್ಟಿದ ಡಿಂಕನ್ ಎಂಬ ಹಾರುವ ಇಲಿ, ಗಡಿ ದಾಟಿ ಡಿಂಗನಾಗಿ ಅಚ್ಚ ಕನ್ನಡ ಮಾತಾಡಿದ. ಗಣಪತಿಯ ವಾಹನಕ್ಕೆ ಬಡ್ತಿ. ಅವನು ಮಲಯಾಳಿ ಎಂದು ಯಾವ ಮಗುವಿಗೂ ಅನ್ನಿಸಲಿಲ್ಲ. ಅಲ್ಲಿಯ ವಿಚಾರವಾದಿಗಳು ಈಚೆಗೆ ಡಿಂಕನನ್ನೇ ದೇವರು ಮಾಡಿ ಒಂದು ಅಣಕು ಮತ ಕಟ್ಟಿದ್ದಾರೆ; ನಮ್ಮವರು ಪೇಟೆ ಬೀದಿಯಲ್ಲಿ ಹಳೇ ಸಂಚಿಕೆ ಹುಡುಕುತ್ತ ಕಣ್ಣೀರಿಡುವುದರಲ್ಲೇ ತೃಪ್ತರು.

ಹೊರಗಿನವನೋ ಒಳಗಿನವನೋ, ಕನ್ನಡದಲ್ಲಿ ಮಾತಾಡಿದವನು ನಮ್ಮ ಮನೆಯವನಾದ. ಮಾತಾಡದವನು ಟೀ ಶರ್ಟಿನ ಮೇಲೆ ಉಳಿದ. ಪರಭಾಷೆಯ ಚಿತ್ರ ಕನ್ನಡಕ್ಕೆ ಡಬ್ ಆಗಬಾರದೆಂಬ ಕಟ್ಟುಪಾಡು ಅರವತ್ತರ ದಶಕದಿಂದ ಗಟ್ಟಿಯಾಗಿತ್ತು. ಚಿತ್ರರಂಗದವರ ಅಂಜಿಕೆಗೆ ಕಾರಣವಿತ್ತು, ಒಪ್ಪುತ್ತೇನೆ. ಫಲ ಏನಾಯಿತೆಂದರೆ ಸೂಪರ್‌ಹೀರೋಗಳು ತೆಲುಗು, ತಮಿಳು, ಹಿಂದಿ ಕಲಿತು ಬಂದರು, ನಮ್ಮ ಮಕ್ಕಳು ಅವರಿಗಾಗಿ ಆ ಭಾಷೆ ಕಲಿತರು. 2015ರಲ್ಲಿ ಸ್ಪರ್ಧಾ ಆಯೋಗದ ತೀರ್ಪು ಬಂದ ಮೇಲೆ ಬಾಗಿಲು ತೆರೆಯಿತು. ಅದಕ್ಕೂ ಬಹಳ ಮೊದಲೇ, 2004ರಲ್ಲಿ, ನಮ್ಮ ಬೆಂಗಳೂರಿನ ಕಲಾವಿದ ಜೀವನ್ ಕಾಂಗ್ ಸ್ಪೈಡರ್‌ಮ್ಯಾನ್‌ಗೆ ಕಚ್ಚೆ ಪಂಚೆ ಉಡಿಸಿ ಪವಿತ್ರ ಪ್ರಭಾಕರ ಎಂಬ ಹುಡುಗನನ್ನು ಬರೆದಿದ್ದರು. ಹಳ್ಳಿಯಿಂದ ಮುಂಬಯಿಗೆ ಬಂದವನು, ಮಾಯಾ ಅತ್ತೆ, ಭೀಮ್ ಮಾಮನ ಆಶ್ರಯದಲ್ಲಿ ಇದ್ದವನು. 2023ರ ಸಿನಿಮಾದಲ್ಲಿ ಅವನು ತೆರೆಗೆ ಬಂದಾಗ ಕನ್ನಡದಲ್ಲೂ ಮಾತಾಡಿದ. ಮೊಮ್ಮಗನ ಜೊತೆ ಕೂತಿದ್ದ ನಾನು ಪಾಪ್‌ಕಾರ್ನ್ ಬೆಲೆಯನ್ನೂ ಮರೆತೆ.

ಓದುಗರಲ್ಲಿ ಒಂದು ಕೋರಿಕೆ. ನಿಮ್ಮ ಮನೆಯ ಅಟ್ಟದಲ್ಲಿ ಕನ್ನಡದ ಇಂದ್ರಜಾಲ, ಹಳೇ ಬಾಲಮಂಗಳ, ಆ ಮೊದಲ ಹತ್ತು ಅಮರ ಚಿತ್ರ ಕಥೆಗಳಲ್ಲಿ ಒಂದಾದರೂ ಇದ್ದರೆ ಹಬ್ಬಕ್ಕೆ ಮನೆ ಗುಡಿಸುವ ಭರದಲ್ಲಿ ರದ್ದಿ ಅಂಗಡಿಯ ತಕ್ಕಡಿಗೆ ಹಾಕಬೇಡಿ. ಮೊದಲು ಮನೆಯ ಮಕ್ಕಳ ಕೈಗೆ ಕೊಡಿ. ಅವರು ಬೇಡವೆಂದರೆ ನಾನು ಬನಶಂಕರಿ ಎರಡನೇ ಹಂತದಿಂದ ಬಂದು ತೆಗೆದುಕೊಂಡು ಹೋಗುತ್ತೇನೆ, ಆಟೊ ಖರ್ಚು ನನ್ನದೇ.