ಬರಿಗಾಲಿನ ಬಿರುದು

ಬೆಂಗಳೂರಿನ ದಕ್ಷಿಣಕ್ಕೆ, ಬನಶಂಕರಿಯ ಮಗ್ಗುಲಲ್ಲಿ ಪದ್ಮನಾಭನಗರವಿದೆ. ಕದಿರೇನಹಳ್ಳಿ, ಚಿಕ್ಕಲ್ಲಸಂದ್ರ ಎಂಬ ನೆರೆಯ ಹೆಸರುಗಳು ಇಲ್ಲಿ ಹಳ್ಳಿಗಳಿದ್ದ ಕಾಲವನ್ನು ಇಂದಿಗೂ ಸಾರುತ್ತವೆ. ಸಂಜೆಯಾಯಿತೆಂದರೆ ಹುಡುಗರು ನಿಂತ ಕಾರುಗಳ ನಡುವೆಯೇ ಚೆಂಡನ್ನು ಒದೆಯುತ್ತಾರೆ. ಅವರ ಅಂಗಿಯ ಬೆನ್ನಿನ ಮೇಲೆ ದೂರದೇಶದ ಆಟಗಾರರ ಹೆಸರು! ತಮ್ಮ ಊರೇ ಕಾಲ್ಚೆಂಡಾಟದ ತವರಾಗಿತ್ತೆಂದು ಅವರಿಗೆ ಹೇಳುವವರಾರು?

1946–47ರಲ್ಲಿ ಮೈಸೂರು ತಂಡವು ಬಲಿಷ್ಠ ಬಂಗಾಳವನ್ನು ಮಣಿಸಿ ಮೊದಲ ಬಾರಿಗೆ ಸಂತೋಷ್ ಟ್ರೋಫಿಯನ್ನು ಪಡೆಯಿತು. 1952–53ರಲ್ಲಿ, ಬೆಂಗಳೂರಿನಲ್ಲಿಯೇ, ಮತ್ತೆ ಅದೇ ಎದುರಾಳಿ. ಮತ್ತೆ ಅದೇ ಫಲ. ಈ ಎರಡು ವಿಜಯಗಳ ನಡುವೆ, 1948ರ ಲಂಡನ್ ಒಲಿಂಪಿಕ್ಸಿನಲ್ಲಿ, ಬಹುಮಂದಿ ಬರಿಗಾಲಿನಲ್ಲೇ ಆಡಿದ ಭಾರತವು ಫ್ರಾನ್ಸಿಗೆ 2–1ರಿಂದ ಸೋತಿತು. ಆ ಒಂದು ಗೋಲು ಒಲಿಂಪಿಕ್ಸಿನಲ್ಲಿ ಭಾರತದ ಮೊತ್ತಮೊದಲ ಗೋಲು. ಹೊಡೆದವರು ಸಾರಂಗಪಾಣಿ ರಾಮನ್. ಅದೇ ತಂಡದಲ್ಲಿದ್ದ ಬೆಂಗಳೂರಿನ ಅಹಮದ್ ಖಾನರು ಕಲಕತ್ತೆಯ ಈಸ್ಟ್ ಬೆಂಗಾಲ್ ಸಂಘದ ‘ಪಂಚಪಾಂಡವ’ರಲ್ಲಿ ಒಬ್ಬರೆನಿಸಿ ಮೆರೆದರು.

1967–68 ಮತ್ತು 1968–69ರಲ್ಲಿಯೂ ಮೈಸೂರಿಗೇ ಗೆಲುವು. ಅನಂತರದ್ದು ದೀರ್ಘ ಮೌನ. ನಾಡಿನ ಹೆಸರು ಕರ್ನಾಟಕವಾಯಿತು. ಐವತ್ತನಾಲ್ಕು ವರ್ಷಗಳು ಉರುಳಿದವು. 2023ರ ಮಾರ್ಚಿಯಲ್ಲಿ, ದೂರದ ರಿಯಾದ್‌ನಲ್ಲಿ, ಮೇಘಾಲಯವನ್ನು 3–2ರಿಂದ ಸೋಲಿಸಿದಾಗಲೇ ಆ ಮೌನ ಮುರಿದದ್ದು.

ಆಸ್ಟಿನ್ ಟೌನ್, ಗೌತಮಪುರಗಳ ಓಣಿಗಳೇನೂ ಅಗಲವಾದುವಲ್ಲ. ಆದರೂ ಅಲ್ಲಿ ಆಟಗಾರರು ಬೆಳೆದರು; ಓಣಿಯ ಕೊನೆಯಲ್ಲಿ ಆಡಲೊಂದು ಬಯಲಿತ್ತು. ನಿವೇಶನಗಳನ್ನು ಅಳೆಯುವ ಹಗ್ಗವು ಮಕ್ಕಳಿಗಾಗಿ ಅಷ್ಟು ನೆಲವನ್ನು ಬಿಟ್ಟರೆ, ಪದ್ಮನಾಭನಗರದ ಅಂಗಿಗಳ ಮೇಲೂ ನಮ್ಮವರದೇ ಹೆಸರು ಕಂಡೀತು.