ರೆಫರಿಯ ಬೆನ್ನ ಹಿಂದೆ

ನಿಜವಾದ ಬಾಕ್ಸಿಂಗ್ ನೋಡಿದರೆ ನನಗೆ ಹೊಟ್ಟೆ ತೊಳಸುತ್ತದೆ. ಅದನ್ನೇ ಮೂಕಿ ಚಿತ್ರದಲ್ಲಿ ನೋಡಿದರೆ ಹೊಟ್ಟೆ ಹುಣ್ಣಾಗುವಷ್ಟು ನಗು. ಏಟಿಗೆ ಸದ್ದಿಲ್ಲದ್ದು ಒಂದು ಕಾರಣ. ಇನ್ನೊಂದು, ನನ್ನ ಮಟ್ಟಿಗೆ ದೊಡ್ಡದು, ರೆಫರಿ.

1914ರಲ್ಲಿ ಕೀಸ್ಟೋನ್ ಕಂಪನಿ ತೆಗೆದ ‘ದಿ ನಾಕ್‌ಔಟ್’ಗೆ ನಾಯಕ ದಢೂತಿ ‘ಫ್ಯಾಟಿ’ ಆರ್ಬಕಲ್. ಚಾಪ್ಲಿನ್ ಬಂದು ಹೋಗುವುದು ಕೆಲವೇ ನಿಮಿಷ, ಅದೂ ರೆಫರಿಯಾಗಿ. ಜಗಳ ಬಿಡಿಸಲು ಹೋದವನಿಗೇ ಎರಡೇಟು ಹೆಚ್ಚು ಬೀಳುವುದು ಯಾವ ಬೀದಿಯಲ್ಲಾದರೂ ಕಾಣುವಂಥದ್ದೇ. ಏಟು ತಿಂದು ಬಿದ್ದ ಈ ರೆಫರಿ ಏಳುವ ಗೋಜಿಗೇ ಹೋಗುವುದಿಲ್ಲ. ಕೆಳಗಿನ ಹಗ್ಗ ಹಿಡಿದು ಜಗ್ಗುತ್ತ, ನೆಲದ ಮೇಲೇ ಜಾರಿಕೊಂಡು ಹೋಗುತ್ತಾನೆ. ಆಮೇಲೆ ಪಿಸ್ತೂಲು, ಓಟ, ಪೊಲೀಸರ ದಂಡು. ಆ ಕಂಪನಿಯ ಮಾಮೂಲು.

ಮರುವರ್ಷ ಎಸ್ಸನೇ ಕಂಪನಿಯ ‘ದಿ ಚಾಂಪಿಯನ್’ನಲ್ಲಿ ಚಾಪ್ಲಿನ್ ತಾನೇ ಗ್ಲೌಸು ತೊಟ್ಟ. ಪೈಲ್ವಾನನ ಅಭ್ಯಾಸಕ್ಕೆ ಎದುರು ನಿಂತು ಏಟು ತಿನ್ನುವ ಕೂಲಿ. ಸರದಿಗೆ ಕಾಯುತ್ತ ಕೂತಿದ್ದಾನೆ. ಎದೆ ಸೆಟೆಸಿ ಒಳಗೆ ಹೋದವರು ಬರುವಾಗ ನೆಟ್ಟಗೆ ನಿಲ್ಲಲಾರರು. ದಾರಿಯಲ್ಲಿ ಸಿಕ್ಕ ಕುದುರೆ ಲಾಳ ಮೆಲ್ಲಗೆ ಗ್ಲೌಸಿನೊಳಗೆ ಸೇರುತ್ತದೆ. ಮೋಸವೇ, ಒಪ್ಪಿದೆ. ಆದರೆ ಆ ಮುಖದ ಭಯ ನೋಡಿದ ಮೇಲೆ, ಲಾಳ ಬಚ್ಚಿಡದವನೇ ಪೆದ್ದ ಅನ್ನಿಸುತ್ತದೆ. ಕೊನೆಯ ಪಂದ್ಯದಲ್ಲಿ ಅವನ ಬುಲ್‌ಡಾಗ್ ರಿಂಗಿಗೇ ನುಗ್ಗಿ ಎದುರಾಳಿಯ ಚಡ್ಡಿಗೆ ಬಾಯಿ ಹಾಕುತ್ತದೆ. ನಾಯಿಗೆ ಯಾವ ರೂಲ್ಸು!

ಈ ಕಸುಬು ಪಳಗಿ ಹಣ್ಣಾದದ್ದು 1931ರ ‘ಸಿಟಿ ಲೈಟ್ಸ್’ನಲ್ಲಿ. ಅದು ಕಿರುಚಿತ್ರವಲ್ಲ, ಸಿನಿಮಾಕ್ಕೆ ಮಾತು ಬಂದ ಮೇಲೂ ಚಾಪ್ಲಿನ್ ಹಟ ಹಿಡಿದು ಮಾತಿಲ್ಲದೆ ತೆಗೆದದ್ದು. ಕುರುಡು ಹುಡುಗಿಯೊಬ್ಬಳ ಮನೆ ಬಾಡಿಗೆಗೆ ಹಣ ಬೇಕು, ಅದಕ್ಕೇ ಚಾಪ್ಲಿನ್ ರಿಂಗಿಗೆ ಇಳಿಯುತ್ತಾನೆ. ಸುಮ್ಮನೆ ಹೊಡೆದಾಡಿದಂತೆ ಮಾಡಿ ದುಡ್ಡು ಹಂಚಿಕೊಳ್ಳೋಣ ಎಂದಿದ್ದ ಎದುರಾಳಿ ಪೊಲೀಸರಿಗೆ ಹೆದರಿ ಪರಾರಿ. ಬದಲಿಗೆ ಬಂದ ಹ್ಯಾಂಕ್ ಮಾನ್ ಯಾವ ರಾಜಿಗೂ ಒಗ್ಗುವ ಆಸಾಮಿಯಲ್ಲ. ಗಂಟೆ ಹೊಡೆದದ್ದೇ ತಡ, ಚಾಪ್ಲಿನ್ ರೆಫರಿಯ ಬೆನ್ನಿಗೆ ಅಂಟಿಕೊಳ್ಳುತ್ತಾನೆ. ರೆಫರಿ ಎಡಕ್ಕೆ ಸರಿದರೆ ಇವನೂ ಎಡಕ್ಕೆ. ಬಲಕ್ಕೆ ಸರಿದರೆ ಬಲಕ್ಕೆ. ಮೂವರ ಹೆಜ್ಜೆಗಳೂ ಕೂಡಿಬಂದು ಹೊಡೆದಾಟವೇ ಕುಣಿತವಾಗುತ್ತದೆ. ಸಂದಿ ಸಿಕ್ಕಾಗ ಇಣುಕಿ ಒಂದು ಗುದ್ದು, ಮತ್ತೆ ಬೆನ್ನ ಮರೆ. ನಿಯಮ ಕಾಯುವವನನ್ನೇ ಗುರಾಣಿ ಮಾಡಿಕೊಳ್ಳುವ ಈ ಉಪಾಯ, ಹಿಂದೊಮ್ಮೆ ರೆಫರಿಯಾಗಿ ಒದೆ ತಿಂದವನಿಗಲ್ಲದೆ ಇನ್ಯಾರಿಗೆ ಹೊಳೆದೀತು?

ಅಷ್ಟಾದರೂ ಸೋಲು ತಪ್ಪುವುದಿಲ್ಲ. ಗಂಟೆಯ ಹಗ್ಗ ಕುತ್ತಿಗೆಗೆ ಸುತ್ತಿಕೊಳ್ಳುತ್ತದೆ. ಏಟು ತಿಂದು ಬಿದ್ದರೆ ಗಂಟೆ ಬಾರಿಸಿ ಸುತ್ತು ಮುಗಿಯುತ್ತದೆ. ಉಸ್ಸಪ್ಪಾ ಎಂದು ತನ್ನ ಮೂಲೆಗೆ ಹೊರಟರೆ ಹಗ್ಗ ಜಗ್ಗಿ ಮುಂದಿನ ಸುತ್ತು ಶುರು.