ಸರೋವರದ ಭತ್ತವೂ ಅಣಬೆಯ ಸಾರೂ

ಉಳದೆ, ನಾಟಿ ಮಾಡದೆ, ಕಳೆ ಕೀಳದೆ ತಾನಾಗಿಯೇ ಬೆಳೆಯುವ ಭತ್ತಕ್ಕೆ ನಮ್ಮ ಹಿರಿಯರು ‘ನೀವಾರ’ವೆಂದು ಹೆಸರಿಟ್ಟಿದ್ದರು. ಋಷ್ಯಾಶ್ರಮಗಳ ವರ್ಣನೆಯಲ್ಲಿ ಈ ಹೆಸರನ್ನು ಕೇಳದವರು ವಿರಳ. ಅಂತಹುದೇ ಒಂದು ಧಾನ್ಯವನ್ನು ಪವಿತ್ರವೆಂದು ಭಾವಿಸಿ ಇಂದಿಗೂ ಕಾಪಾಡಿಕೊಂಡು ಬಂದಿರುವ ಜನಾಂಗವೊಂದು ಉತ್ತರ ಅಮೆರಿಕಾ ಖಂಡದಲ್ಲಿ ಉಂಟೆಂಬುದು ವಾಚಕರಲ್ಲಿ ಅನೇಕರಿಗೆ ಹೊಸ ಸಂಗತಿಯಾಗಿರಬಹುದು. ಆ ನಾಡನ್ನು ಕಂಡು, ಆ ಧಾನ್ಯದ ಸಾರನ್ನು ಉಂಡು ಬಂದ ನಾವು ಅದರ ವಿಚಾರವಾಗಿ ನಾಲ್ಕು ಮಾತುಗಳನ್ನು ಇಲ್ಲಿ ಬರೆಯುತ್ತೇವೆ.

ಅಮೆರಿಕಾ ಸಂಯುಕ್ತ ಸಂಸ್ಥಾನಗಳ ಉತ್ತರದ ಅಂಚಿನಲ್ಲಿ ಮಿನ್ನೆಸೋಟಾ ಎಂಬ ರಾಜ್ಯವಿರುವುದು. ‘ಹತ್ತು ಸಾವಿರ ಸರೋವರಗಳ ನಾಡು’ ಎಂದು ಅದಕ್ಕೆ ಬಿರುದು. ಎಣಿಸಿದರೆ ಅದಕ್ಕಿಂತ ಹೆಚ್ಚೇ ಇವೆ. ಮಿಸಿಸಿಪ್ಪಿ ಮಹಾನದಿಯು ಹುಟ್ಟುವುದೂ ಇಲ್ಲಿಯ ಇಟಾಸ್ಕಾ ಸರೋವರದಲ್ಲಿಯೇ. ಮಿನ್ನಿಯಾಪೊಲಿಸ್ ನಗರದಿಂದ ಉತ್ತರಾಭಿಮುಖವಾಗಿ ಮೋಟಾರಿನಲ್ಲಿ ನಾಲ್ಕು ಗಂಟೆಗಳ ಕಾಲ ಪ್ರಯಾಣ ಮಾಡಿ, ಸೆಪ್ಟೆಂಬರ್ ತಿಂಗಳ ಮೊದಲ ವಾರದಲ್ಲಿ ನಾವು ಲೀಚ್ ಸರೋವರದ ಸೀಮೆಯನ್ನು ಸೇರಿದೆವು. ದಾರಿಯ ಇಕ್ಕೆಲಗಳಲ್ಲಿಯೂ ಪೈನ್ ಮರಗಳು, ಬಿಳಿಯ ತೊಗಟೆಯ ಬರ್ಚ್ ಮರಗಳು. ಅವುಗಳ ನಡುನಡುವೆ ಥಳಥಳಿಸುವ ನೀರು. ಆಳವಿಲ್ಲದ ಕಡೆಗಳಲ್ಲೆಲ್ಲ ಆಳೆತ್ತರದ ಹುಲ್ಲು ತೆನೆ ಹೊತ್ತು ನಿಂತಿದ್ದಿತು. ಬದುವಿಲ್ಲ, ಕಾಲುವೆಯಿಲ್ಲ, ಆದರೂ ಅದು ಮಲೆನಾಡಿನ ಕೊಯ್ಲಿಗೆ ಬಂದ ಗದ್ದೆಯಂತೆಯೇ ಕಾಣುತ್ತಿದ್ದಿತು.

ಈ ಸೀಮೆಯ ಮೂಲನಿವಾಸಿಗಳು ಓಜಿಬ್ವೆ ಜನರು. ತಮ್ಮನ್ನು ತಾವು ‘ಅನಿಶಿನಾಬೆ’ ಎಂದು ಹೇಳಿಕೊಳ್ಳುವರು. ಈ ಧಾನ್ಯಕ್ಕೆ ಅವರ ಹೆಸರು ‘ಮನೂಮಿನ್’. ಪೂರ್ವಕಾಲದಲ್ಲಿ ಪೂರ್ವಸಮುದ್ರದ ತೀರದಲ್ಲಿದ್ದ ತಮ್ಮ ಹಿರಿಯರಿಗೆ, ‘ನೀರಿನ ಮೇಲೆ ಅನ್ನವು ಬೆಳೆಯುವ ನಾಡು ಸಿಕ್ಕುವವರೆಗೆ ಪಶ್ಚಿಮಕ್ಕೆ ನಡೆಯಿರಿ’ ಎಂದು ಆದೇಶವಾಯಿತೆಂದೂ, ಹಾಗೆ ನಡೆದು ಈ ಸರೋವರಗಳನ್ನು ಸೇರಿದರೆಂದೂ ಅವರಲ್ಲಿ ಐತಿಹ್ಯವುಂಟು. ಸಸ್ಯಶಾಸ್ತ್ರದ ದೃಷ್ಟಿಯಿಂದ ಇದು ನಮ್ಮ ಭತ್ತದ ಕುಲದ್ದಲ್ಲ, ದಾಯಾದಿ ಮಾತ್ರ. ಕಾಳು ನೀಳವಾಗಿ ಸೂಜಿಯಂತಿರುವುದು. ಮಾಗಿ ಉದುರಿದ ಬೀಜವು ಚಳಿಗಾಲವನ್ನೆಲ್ಲ ಮಂಜುಗಡ್ಡೆಯ ಕೆಳಗೆ ಕೆಸರಿನಲ್ಲಿ ಕಳೆದು, ವಸಂತದಲ್ಲಿ ಮೊಳೆಯುವುದು. ಆ ಚಳಿಯಿಲ್ಲದೆ ಅದು ಮೊಳೆಯದು.

ಕೊಯ್ಲಿನ ಕ್ರಮವು ನೋಡತಕ್ಕದ್ದು. ಒಂದು ದೋಣಿಗೆ ಇಬ್ಬರು. ಒಬ್ಬರು ನಿಂತು ಕವಲುಳ್ಳ ಉದ್ದನೆಯ ಗಳದಿಂದ ದೋಣಿಯನ್ನು ಮೆಲ್ಲನೆ ನೂಕುವರು; ಇನ್ನೊಬ್ಬರು ಕುಳಿತು, ಒಂದು ಕೋಲಿನಿಂದ ತೆನೆಗಳನ್ನು ದೋಣಿಯೊಳಕ್ಕೆ ಬಾಗಿಸಿ, ಮತ್ತೊಂದರಿಂದ ಸವರಿದಂತೆ ಬಡಿಯುವರು. ಮಾಗಿದ ಕಾಳು ದೋಣಿಯಲ್ಲಿ ಬೀಳುವುದು. ಮಾಗದ್ದು ತೆನೆಯಲ್ಲಿಯೇ ಉಳಿಯುವುದು. ನೀರಿಗೆ ಬಿದ್ದದ್ದು ಮುಂದಿನ ವರ್ಷದ ಬೀಜ, ಬಾತುಕೋಳಿಗಳ ಪಾಲು. ಗಿಡವು ಮುರಿಯಕೂಡದೆಂದು ಆ ರಾಜ್ಯವು ಶಾಸನವನ್ನೇ ಮಾಡಿರುವುದು: ದೋಣಿಯ ಉದ್ದ ೧೮ ಅಡಿ, ಅಗಲ ೩೬ ಅಂಗುಲ, ಕೋಲಿನ ಉದ್ದ ೩೦ ಅಂಗುಲ, ತೂಕ ಒಂದು ಪೌಂಡು, ಇವುಗಳನ್ನು ಮೀರಕೂಡದು. ಯಂತ್ರದ ದೋಣಿ ಸಲ್ಲದು.

ದಡಕ್ಕೆ ತಂದ ಕಾಳನ್ನು ಹರವಿ ಆರಿಸಿ, ಕಬ್ಬಿಣದ ಕೊಪ್ಪರಿಗೆಯಲ್ಲಿ ಸೌದೆಯ ಉರಿಯ ಮೇಲೆ ಹುರಿಯುವರು. ಬಳಿಕ ಹಲಗೆ ಹಾಸಿದ ಕುಳಿಯಲ್ಲಿ ಅದನ್ನು ಸುರಿದು, ಮೃದುವಾದ ಚರ್ಮದ ಪಾದರಕ್ಷೆ ಮೆಟ್ಟಿ, ಕುಣಿದಂತೆ ತುಳಿದು ಹೊಟ್ಟು ಬಿಡಿಸುವರು. ಬರ್ಚ್ ತೊಗಟೆಯ ತಟ್ಟೆಯಲ್ಲಿ ಕೇರುವರು. ಆ ಕೇರುವ ಕೈಗಳನ್ನು ಕಂಡಾಗ ನಮಗೆ ನಮ್ಮ ಊರಿನ ಮೊರವೂ ಅಂಗಳವೂ ನೆನಪಾದುವು. ಈಚೆಗೆ ಯಂತ್ರಗಳು ಬಂದಿರುವುವಾದರೂ, ಹಳೆಯ ಕ್ರಮವನ್ನು ಬಿಡದ ಮನೆಗಳು ಇನ್ನೂ ಇವೆ.

ನಮಗೆ ಊಟವಿಕ್ಕಿದ ವೃದ್ಧೆಯೊಬ್ಬರು ಎದುರಿನ ಒಂದು ಕೊಲ್ಲಿಯನ್ನು ತೋರಿಸಿ, ಈ ವರ್ಷ ಅಲ್ಲಿ ಒಂದು ತೆನೆಯೂ ಇಲ್ಲವೆಂದರು. ಜೂನ್ ತಿಂಗಳಲ್ಲಿ ಎಲೆಗಳು ನೀರಿನ ಮೇಲೆ ಪಟ್ಟಿಗಳಂತೆ ತೇಲುತ್ತಿರುವಾಗ ನೀರು ಥಟ್ಟನೆ ಏರಿದರೆ ಗಿಡಗಳು ಬೇರುಸಹಿತ ಕಿತ್ತು ಬರುವುವಂತೆ. ಅವರ ಚಿಂತೆಯು ಒಂದು ವರ್ಷದ ಮಳೆಯದು ಮಾತ್ರವಲ್ಲ. ೧೮೮೦ರ ದಶಕದಲ್ಲಿ ಮಿಸಿಸಿಪ್ಪಿಯ ಹಡಗು ಸಂಚಾರಕ್ಕಾಗಿ ಸರ್ಕಾರವು ಇಲ್ಲಿ ಅಣೆಕಟ್ಟುಗಳನ್ನು ಕಟ್ಟಿದಾಗ ಎಷ್ಟೋ ಭತ್ತದ ತಾಣಗಳು ಮುಳುಗಿದುವು. ಗಣಿಗಳಿಂದ ಹರಿದು ಬರುವ ಸಲ್ಫೇಟು ಕೆಸರಿನಲ್ಲಿ ಸಲ್ಫೈಡಾಗಿ ಮಾರ್ಪಟ್ಟು ಬೇರುಗಳಿಗೆ ವಿಷವಾಗುವುದು. ಆದಕಾರಣ ಒಂದು ಲೀಟರು ನೀರಿಗೆ ೧೦ ಮಿಲಿಗ್ರಾಮನ್ನು ಅದು ಮೀರಕೂಡದೆಂದು ೧೯೭೩ರಲ್ಲಿ ನಿಯಮವಾಯಿತು. ನೆಲವನ್ನು ಬಿಟ್ಟುಕೊಟ್ಟ ೧೮೩೭ರ ಒಪ್ಪಂದದಲ್ಲಿಯೂ ಓಜಿಬ್ವೆ ಜನರು ಬೇಟೆ, ಮೀನುಗಾರಿಕೆಗಳೊಡನೆ ಈ ಭತ್ತವನ್ನು ಕೂಡಿಸುವ ಹಕ್ಕನ್ನು ಬರೆಸಿಕೊಂಡಿದ್ದರು. ಅದು ಇನ್ನೂ ಜೀವಂತವೆಂದು ೧೯೯೯ರಲ್ಲಿ ಅಲ್ಲಿಯ ಸರ್ವೋಚ್ಚ ನ್ಯಾಯಾಲಯವು ತೀರ್ಪಿತ್ತಿತು. ಆದರೆ ಹಕ್ಕು ಕಾಗದದಲ್ಲಿದ್ದು, ಭತ್ತವು ನೀರಿನಲ್ಲಿ ಇಲ್ಲದಿದ್ದರೆ ಫಲವೇನು?

ಇನ್ನು ಸಾರಿನ ವಿಚಾರ. ಆರು ಮಂದಿಗೆ ಒಂದು ಬಟ್ಟಲು ಭತ್ತದ ಕಾಳು ಸಾಕು. ಅದನ್ನು ಚೆನ್ನಾಗಿ ತೊಳೆದು, ನಾಲ್ಕು ಬಟ್ಟಲು ನೀರಿಗೆ ಚಿಟಿಕೆ ಉಪ್ಪಿನೊಡನೆ ಹಾಕಿ ಸಣ್ಣ ಉರಿಯಲ್ಲಿ ಬೇಯಿಸತಕ್ಕದ್ದು. ಸರೋವರದಿಂದ ತಂದು ಕೈಯಲ್ಲಿ ಹುರಿದ ಕಂದುಬಣ್ಣದ ಕಾಳು ಅರ್ಧ ಗಂಟೆಯೊಳಗೆ ಬೇಯುವುದು; ಪಾತಿಗಳಲ್ಲಿ ಕೃಷಿಮಾಡಿ ಅಂಗಡಿಗೆ ಬರುವ ಹೊಳೆಯುವ ಕಪ್ಪು ಕಾಳಿಗೆ ಸುಮಾರು ಒಂದು ಗಂಟೆ ಬೇಕು. ಕಾಳು ಸೀಳಿ ಒಳಗಿನ ಬಿಳುಪು ಕಾಣಿಸಿದರೆ ಬೆಂದಿತೆಂದು ತಿಳಿಯಬೇಕು. ಮತ್ತೊಂದು ಅಗಲವಾದ ಪಾತ್ರೆಯಲ್ಲಿ ಬೆಣ್ಣೆ ಕಾಯಿಸಿ, ಎರಡು ಹಿಡಿ ಹೆಚ್ಚಿದ ಅಣಬೆಯನ್ನು ಹಾಕಿ, ಅದು ಬಿಟ್ಟ ನೀರೆಲ್ಲ ಇಂಗಿ ಅಂಚು ಕೆಂಪಾಗುವವರೆಗೆ ಬಾಡಿಸಬೇಕು. ಇಲ್ಲಿ ಅವಸರಪಟ್ಟರೆ ಸಾರಿಗೆ ರುಚಿ ಹತ್ತದು. ಬಳಿಕ ಹೆಚ್ಚಿದ ಈರುಳ್ಳಿ, ಗಜ್ಜರಿ, ಸೆಲರಿಯ ದಂಟು ಇವುಗಳನ್ನು ಸೇರಿಸಿ ಮೆತ್ತಗಾಗಿಸಿ, ಎರಡು ಚಮಚ ಗೋಧಿ ಹಿಟ್ಟನ್ನು ಉದುರಿಸಿ ಹಸಿ ವಾಸನೆ ಹೋಗುವಂತೆ ಕೈಯಾಡಿಸಿ, ತರಕಾರಿ ಬೇಯಿಸಿದ ನಾಲ್ಕು ಬಟ್ಟಲು ರಸವನ್ನು ಸ್ವಲ್ಪಸ್ವಲ್ಪವಾಗಿ ಹೊಯ್ಯಬೇಕು. ಬೆಂದ ಕಾಳನ್ನೂ ಅದರ ನೀರನ್ನೂ ಬೆರಸಿ ಕುದಿಸಿ, ಕೊನೆಗೆ ಒಂದು ಬಟ್ಟಲು ಕೆನೆಹಾಲು, ಮೆಣಸಿನ ಪುಡಿ ಸೇರಿಸಿ ಇಳಿಸತಕ್ಕದ್ದು. ಹಾಲು ಹಾಕಿದ ಮೇಲೆ ಕುದಿಸಕೂಡದು.

ಅಲ್ಲಿಯವರು ಈ ಋತುವಿನಲ್ಲಿ ಓಕ್ ಮರದ ಬುಡದಲ್ಲಿ ಗರಿಗೆದರಿದ ಕೋಳಿಯಂತೆ ಅರಳುವ ‘ಕಾಡಿನ ಹೇಂಟೆ’ಯೆಂಬ ಅಣಬೆಯನ್ನು ಹಾಕುವರು. ನಮ್ಮ ಗೃಹಿಣಿಯರು ಪೇಟೆಯ ಬೆಳೆಸಿದ ಅಣಬೆಯಿಂದಲೇ ತೃಪ್ತರಾಗುವುದು ಲೇಸು. ಕಾಡಿನ ಅಣಬೆಗಳಲ್ಲಿ ಪ್ರಾಣಾಪಾಯಕರವಾದುವು ಬಹಳ. ಬೇಯಿಸಿದ ಮಾತ್ರಕ್ಕೆ ಅವುಗಳ ವಿಷವು ಹೋಗುವುದೆಂದು ನಂಬಲಾಗದು.

ಸಾರು ಹೊಗೆಯ ಪರಿಮಳದಿಂದ ಕೂಡಿ, ಅಗಿದರೆ ಕಾಯಿಬೀಜದ ಸವಿ ಕೊಡುತ್ತಿದ್ದಿತು. ಒಂದು ಬಟ್ಟಲಿನಲ್ಲಿಯೇ ಹೊಟ್ಟೆ ತುಂಬಿತು. ವಿದೇಶದಲ್ಲಿರುವ ನಮ್ಮ ಸೋದರಿಯರು ಈ ಧಾನ್ಯವನ್ನು ಕೊಳ್ಳುವಾಗ, ಸರೋವರದಲ್ಲಿ ಕೈಯಿಂದ ಕೂಡಿಸಿದ್ದೆಂದು ಚೀಟಿಯಲ್ಲಿ ಬರೆದಿದೆಯೇ ಎಂದು ನೋಡಿಕೊಳ್ಳಲಿ. ಬೆಲೆ ಕೊಂಚ ಹೆಚ್ಚಾದರೂ ಆ ಹಣವು ದೋಣಿಯ ಇಬ್ಬರಿಗೆ ಸೇರುವುದು. ನೀರು ತಿಳಿಯಾಗಿರಲೆಂದು ಕಾಯುವವರೂ ಅವರೇ.